ಒಂದು ದಿನಕ್ಕೆ ಎಷ್ಟು ಊರು?

(ತಮ್ಮನ ಆಫೀಸಿನ ಹತ್ತು ಹನ್ನೆರಡು ಮಂದಿ ನಂಜನಗೂಡು, ತಿ. ನರಸೀಪುರದ ಕಡೆ ಒಂದು ದಿನದ ಮಟ್ಟಿಗೆ ಹೋಗಿಬರಬೇಕೆಂದಿದ್ದಾರೆ. ಏರ್ಪಾಡು ಅವನ ಪಾಲಿಗೆ ಬಂದಿದೆ. ಅಕ್ಕ ಇತಿಹಾಸ ಓದಿಕೊಂಡವಳು.)

ತಮ್ಮ: ಅಕ್ಕ, ಪಟ್ಟಿ ಆಗಲೇ ಸಿದ್ಧವಾಗಿದೆ. ಬೆಳಗ್ಗೆ ನಂಜನಗೂಡು, ಆಮೇಲೆ ತಿ. ನರಸೀಪುರದ ಸಂಗಮ, ಮುಡುಕುತೊರೆ, ತಲಕಾಡು, ಸೋಮನಾಥಪುರ, ಹೊತ್ತಿದ್ದರೆ ಶ್ರೀರಂಗಪಟ್ಟಣವನ್ನೂ ಮುಗಿಸಿಕೊಂಡು ರಾತ್ರಿ ಊಟಕ್ಕೆ ಮೈಸೂರು. ದಸರಾ ಸಮಯದಲ್ಲಿ ಕೆಎಸ್‌ಆರ್‌ಟಿಸಿಯವರು ‘ದೇವದರ್ಶಿನಿ’ ಅಂತ ಬಸ್ಸು ಬಿಡುತ್ತಾರಲ್ಲ, ಹೆಚ್ಚುಕಡಿಮೆ ಅದೇ ದಾರಿ. ಅಷ್ಟು ದೊಡ್ಡ ಬಸ್ಸಿಗೆ ಆಗುವುದು ನಮ್ಮ ಟೆಂಪೋ ಟ್ರಾವೆಲರ್‌ಗೆ ಆಗದೇ?

ಅಕ್ಕ: ಆಗುತ್ತದೆ. ಮೈಸೂರಿನಿಂದ ನಂಜನಗೂಡು 25 ಕಿಲೋಮೀಟರ್‌ ಒಳಗೆ, ತಿ. ನರಸೀಪುರ 30ರ ಆಚೀಚೆ. ಆರು ಊರಿನಲ್ಲೂ ಇಳಿದು ಹತ್ತಿ ಬರಲು ಒಂದು ದಿನ ಧಾರಾಳವಾಗಿ ಸಾಕು. ಆದರೆ ಲೆಕ್ಕ ಹಾಕಿ ನೋಡು. ಬೆಳಗ್ಗೆ ಏಳಕ್ಕೆ ಹೊರಟು ಸಂಜೆ ಏಳಕ್ಕೆ ಮರಳಿದರೆ ಹನ್ನೆರಡು ಗಂಟೆ. ತಿಂಡಿ, ಊಟ, ಕಾಫಿ, ಓಡಾಟಕ್ಕೆ ಅದರಲ್ಲಿ ಅರ್ಧ ಹೋಗುತ್ತದೆ. ಉಳಿದ ಆರು ಗಂಟೆಯನ್ನು ಆರು ಊರಿಗೆ ಹಂಚು. ಊರಿಗೆ ಒಂದು ಗಂಟೆ. ಚಪ್ಪಲಿ ಬಿಡುವುದು, ಸಾಲಿನಲ್ಲಿ ನಿಲ್ಲುವುದು, ಹಿಂದೆ ಉಳಿದವರನ್ನು ಹುಡುಕಿ ಕರೆತರುವುದು ಇವನ್ನೆಲ್ಲ ಕಳೆದರೆ ನೋಡಲಿಕ್ಕೆ ಸಿಗುವುದು ಅರ್ಧ ಗಂಟೆ. ಕೆಲವು ಕಡೆ ಅಷ್ಟೇ ಸಾಕು. ಜೋಗದ ಮುಂದೆ ಅರ್ಧ ಗಂಟೆ ನಿಂತವನೂ ಜೋಗ ನೋಡಿದವನೇ. ಈ ಎರಡು ತಾಲ್ಲೂಕಿನಲ್ಲಿ ಹಾಗಲ್ಲ. ಇಲ್ಲಿ ಮುಖ್ಯವಾದದ್ದು ನೇರವಾಗಿ ಕಣ್ಣಿಗೆ ಬೀಳುವುದಿಲ್ಲ. ವಯನಾಡಿನಲ್ಲಿ ಹುಟ್ಟಿದ ಕಪಿಲೆ, ಅಂದರೆ ಕಬಿನಿ, ನಂಜನಗೂಡನ್ನು ಹಾದು ತಿ. ನರಸೀಪುರದಲ್ಲಿ ಕಾವೇರಿಯನ್ನು ಸೇರುತ್ತಾಳೆ. ಸೇರಿದ ಹೊಳೆ ತಲಕಾಡಿನ ಹತ್ತಿರ ತಿರುಗುತ್ತದೆ, ತಿರುಗಿದ ಕಡೆ ಮರಳು ಬಿಡುತ್ತದೆ. ಜನ ಎಲ್ಲಿ ನೆಲೆ ನಿಂತರು, ಗುಡಿ ಎಲ್ಲಿ ಎದ್ದಿತು, ರಾಜಧಾನಿ ಎಲ್ಲಿ ಬೆಳೆಯಿತು, ಎಲ್ಲಿ ಹೂತುಹೋಯಿತು ಎಂಬುದನ್ನೆಲ್ಲ ಈ ನೀರೇ ತೀರ್ಮಾನಿಸಿದೆ. ಒಂದು ಊರಿನ ಅರ್ಥ ಮುಂದಿನ ಊರಿನಲ್ಲಿದೆ. ಅದನ್ನು ಜೋಡಿಸಿ ಹೇಳಲು ತಿಳಿದ ಒಬ್ಬರು ಜೊತೆಗಿರಬೇಕು, ಅವರು ಹೇಳಿದ್ದು ಕೊನೆಯವನಿಗೂ ಕೇಳಿಸಬೇಕು, ಕೇಳಿದ್ದನ್ನು ನಿಂತು ನೋಡಲು ವೇಳೆ ಇರಬೇಕು. ಅದಕ್ಕೇ ಹೇಳುತ್ತೇನೆ: ಹನ್ನೆರಡು ಜನ ಮೀರದ ಗುಂಪು, ಆ ಕಡೆಯವರೇ ಆದ ಒಬ್ಬ ಗೈಡ್, ಮೂರೇ ಊರು. ಬೇರೆ ಯಾವ ಏರ್ಪಾಡಿನಲ್ಲೂ ಈ ಸೀಮೆ ತನ್ನನ್ನು ತೋರಿಸಿಕೊಳ್ಳುವುದಿಲ್ಲ.

ತಮ್ಮ: ನಂಜನಗೂಡಿನಲ್ಲಿ ಕಾಣದ್ದು ಏನಿದೆ? ದೇವಸ್ಥಾನದ ಗೋಪುರ ಊರಾಚೆಯಿಂದಲೇ ಕಾಣುತ್ತದೆ.

ಅಕ್ಕ: ಗೋಪುರ ಕಾಣುತ್ತದೆ, ನಿಜ. ಸುಮಾರು 120 ಅಡಿ ಎತ್ತರ; ಮುಮ್ಮಡಿ ಕೃಷ್ಣರಾಜ ಒಡೆಯರ ಕಾಲದಲ್ಲಿ, 1845ರಲ್ಲಿ ಎದ್ದದ್ದು. ಒಳಗಿನ ಗುಡಿ ಅದಕ್ಕಿಂತ ಬಹಳ ಹಳೆಯದು. ಗೋಪುರವನ್ನೇ ನೋಡಿ ಇಡೀ ದೇವಸ್ಥಾನ ಒಂದೇ ಸಲಕ್ಕೆ ಕಟ್ಟಿದ್ದು ಎಂದುಕೊಂಡು ಹೋಗುವವರೇ ಹೆಚ್ಚು. 385 ಅಡಿ ಉದ್ದ, 160 ಅಡಿ ಅಗಲದ ಆ ಆವರಣದಲ್ಲಿ ಹೊಸದು ಎಲ್ಲಿ ಮುಗಿದು ಹಳೆಯದು ಎಲ್ಲಿ ಶುರುವಾಗುತ್ತದೆ ಎಂಬುದನ್ನು ಕಂಬ ನೋಡಿ ಹೇಳಬಲ್ಲವರು ಪಕ್ಕದಲ್ಲಿದ್ದರೆ ಪ್ರದಕ್ಷಿಣೆ ಬೇರೆಯೇ ಆಗುತ್ತದೆ. ಪ್ರಾಕಾರದಲ್ಲಿ ಸಾಲಾಗಿ ನಿಂತ ಅರುವತ್ತಮೂವರು ಪುರಾತನರನ್ನು ಜನ ಕೈಮುಗಿದು ದಾಟುತ್ತಾರೆ. ಅವರಲ್ಲಿ ಬೇಡನಿದ್ದಾನೆ, ಕುಂಬಾರನಿದ್ದಾನೆ, ಅಗಸನಿದ್ದಾನೆ, ಹೆಂಗಸರೂ ಇದ್ದಾರೆ ಎಂದು ಯಾರಾದರೂ ಹೇಳಿದರೆ ಆ ಸಾಲಿನ ಮುಂದೆ ಕಾಲು ತಾನಾಗಿ ನಿಲ್ಲುತ್ತದೆ. ಟಿಪ್ಪುವಿನ ಆನೆಗೆ ಕಣ್ಣು ಬಂದದ್ದರಿಂದ ಅವನು ಈ ದೇವರನ್ನು ‘ಹಕೀಂ ನಂಜುಂಡ’ ಎಂದು ಕರೆದ, ಪಚ್ಚೆಲಿಂಗ ಕೊಟ್ಟ ಎಂಬ ಮಾತು ಊರಲ್ಲಿ ಎಲ್ಲರಿಗೂ ಗೊತ್ತು. ಹೊರಗಿನಿಂದ ಬಂದವರಿಗೆ ಯಾರೂ ಹೇಳದಿದ್ದರೆ ಹೇಗೆ ಗೊತ್ತಾಗಬೇಕು?

ಇದೆಲ್ಲ ಗುಡಿಯ ಒಳಗಿನದು. ನಿನ್ನ ಪಟ್ಟಿಯಲ್ಲಿ ಇಲ್ಲವೇ ಇಲ್ಲದ ಎರಡು ಜಾಗಗಳಿವೆ. ಒಂದು, ಹಳೆಯ ಸೇತುವೆ. 1735ರಲ್ಲಿ ದಳವಾಯಿ ದೇವರಾಜಯ್ಯನ ಕಾಲದಲ್ಲಿ ಕಟ್ಟಿದ್ದು. ಆಗ ಈ ದೇಶದಲ್ಲಿ ರೈಲೆಂದರೆ ಏನೆಂದು ಯಾರಿಗೂ ಗೊತ್ತಿರಲಿಲ್ಲ. ಎತ್ತಿನ ಗಾಡಿಗೆ, ದಂಡಿಗೆ, ಜಾತ್ರೆಯ ಜನಕ್ಕೆ ಎಂದು ಕಟ್ಟಿದ ಆ ಕಲ್ಲಿನ ಸೇತುವೆಯ ಮೇಲೆಯೇ 1891ರಲ್ಲಿ ರೈಲು ಬಂತು. ಬ್ರಾಡ್‌ಗೇಜ್‌ ಆಗುವವರೆಗೂ ಮೀಟರ್‌ಗೇಜ್‌ ಗಾಡಿಗಳು ಅದರ ಮೇಲೆಯೇ ಓಡಾಡಿದವು. ನೂರೈವತ್ತು ವರ್ಷ ಮುಂದಿನ ಭಾರವನ್ನು ಹೊರಬಲ್ಲಷ್ಟು ಗಟ್ಟಿಯಾಗಿ ಕಟ್ಟಿದವರ ಕೆಲಸವನ್ನು ಕೆಳಗಿನಿಂದ, ಹೊಳೆಯ ಅಂಚಿನಲ್ಲಿ ನಿಂತು, ಕಮಾನು ಕಮಾನಾಗಿ ನೋಡಬೇಕು. ಎರಡನೆಯದು ಸ್ನಾನಘಟ್ಟದ ಹದಿನಾರು ಕಾಲು ಮಂಟಪ. ಕಪಿಲೆ ತುಂಬಿ ಬಂದಾಗ ಅದು ಮುಳುಗುತ್ತದೆ. 2018ರಲ್ಲೂ 2019ರಲ್ಲೂ ಮುಳುಗಿತು, ಮಲ್ಲನಮೂಲೆ ಮಠದ ಹತ್ತಿರ ಮೈಸೂರಿನ ರಸ್ತೆಯ ಮೇಲೇ ನೀರು ಹರಿಯಿತು. ವಯನಾಡಿನಲ್ಲಿ ಮಳೆ ಹಿಡಿದರೆ ಬೀಚನಹಳ್ಳಿಯ ಕಬಿನಿ ಅಣೆಕಟ್ಟೆಯಿಂದ ನೀರು ಬಿಡುತ್ತಾರೆ, ಅದು ಇಲ್ಲಿ ಮಂಟಪದ ಯಾವ ಮಟ್ಟಕ್ಕೆ ಬಂತು ಎಂದು ಊರವರು ನೋಡುತ್ತಾರೆ. ಕಂಬದ ಮೇಲೆ ಉಳಿದ ಕೆಸರಿನ ಗೆರೆಯನ್ನು ಬೆರಳಿಟ್ಟು ತೋರಿಸಿದರೆ ಸಾಕು, ಈ ಊರು ಹೊಳೆಯ ಜೊತೆ ಹೇಗೆ ಬದುಕುತ್ತಿದೆ ಎಂಬುದು ಅರ್ಥವಾಗುತ್ತದೆ. ಐವತ್ತು ಜನರ ಗುಂಪನ್ನು ಆ ಮೆಟ್ಟಿಲುಗಳ ಮೇಲೆ ನಿಲ್ಲಿಸಿ ಬೆರಳಿಟ್ಟು ತೋರಿಸಲಾಗುವುದಿಲ್ಲ.

ತಮ್ಮ: ಇಷ್ಟನ್ನು ಫೋನಿನಲ್ಲೇ ಓದಿಕೊಳ್ಳಬಹುದಲ್ಲ? ಹೋಗುವ ಮುಂಚೆ ಎಲ್ಲರಿಗೂ ವಾಟ್ಸ್ಯಾಪ್‌ನಲ್ಲಿ ಕಳಿಸಿಬಿಡುತ್ತೇನೆ. ಗೈಡಿನ ಖರ್ಚು ಉಳಿಯುತ್ತದೆ.

ಅಕ್ಕ: ಕಳಿಸು, ಒಳ್ಳೆಯದೇ. ಓದಿಕೊಂಡು ಬಂದವರು ಚೆನ್ನಾಗಿ ಕೇಳುತ್ತಾರೆ. ಆದರೆ ಫೋನು ನೀನು ಕೇಳಿದ್ದನ್ನು ಹೇಳುತ್ತದೆ. ಏನು ಕೇಳಬೇಕು ಎಂಬುದನ್ನು ಹೇಳುವುದಿಲ್ಲ. ತಿ. ನರಸೀಪುರದ ಸಂಗಮವನ್ನೇ ತೆಗೆದುಕೋ. ಅಲ್ಲಿ ನಿಂತರೆ ಕಾಣುವುದು ಎರಡು ಹೊಳೆ ಸೇರುವ ಅಗಲವಾದ ನೀರು, ಸ್ನಾನ ಮಾಡುವ ಜನ, ಹರಿಗೋಲು, ಈ ದಡದಲ್ಲಿ ಗುಂಜಾ ನರಸಿಂಹನ ಗುಡಿ, ತಿರುಮಕೂಡಲಿನ ಕಡೆ ಅಗಸ್ತ್ಯೇಶ್ವರ. ಕಪಿಲಾ, ಕಾವೇರಿ, ಜೊತೆಗೆ ಕಾಣದ ಸ್ಫಟಿಕ ಸರೋವರ ಸೇರಿ ತ್ರಿವೇಣಿ ಎನ್ನುತ್ತಾರೆ. 1989ರಿಂದ ಇಲ್ಲಿ ಕುಂಭಮೇಳ ನಡೆಯುತ್ತಿದೆ, 2025ರ ಫೆಬ್ರುವರಿಯಲ್ಲಿ ನಡೆದದ್ದು ಹದಿಮೂರನೆಯದು. ಫೋನು ಇಷ್ಟನ್ನು ತಪ್ಪದೆ ಕೊಡುತ್ತದೆ. ಆದರೆ ಇದೇ ಸಂಗಮದ ಬಳಿ 1950ರ ದಶಕದ ಕೊನೆಯಿಂದ 60ರ ದಶಕದ ನಡುವಿನವರೆಗೆ ಪುರಾತತ್ವಜ್ಞ ಎಂ. ಶೇಷಾದ್ರಿಯವರು ನೆಲ ಅಗೆಸಿದರು, ಮೂರು ಸಾವಿರ ವರ್ಷಕ್ಕೂ ಹಿಂದಿನ ನವಶಿಲಾಯುಗದ ಜನರ ನೆಲೆ ಸಿಕ್ಕಿತು, ಅವರ ಸಮಾಧಿ ಸಿಕ್ಕಿತು, ಸುಟ್ಟ ಮಣ್ಣಿನ ತಲೆದಿಂಬು ಸಿಕ್ಕಿತು ಎಂದು ಹುಡುಕಬೇಕೆಂಬ ಯೋಚನೆಯೇ ಬಾರದವನಿಗೆ ಅದು ಏನು ಹೇಳೀತು? ಆ ತಲೆದಿಂಬನ್ನು ಒಂದು ಕ್ಷಣ ಕಣ್ಣಮುಂದೆ ತಂದುಕೋ. ಎರಡು ಹೊಳೆ ಕೂಡುವ ಕಡೆ, ನೀರೂ ಮೇವೂ ಇರುವ ದಿಣ್ಣೆಯ ಮೇಲೆ ದನ ಕಟ್ಟಿಕೊಂಡು ಬಾಳಿದವರು ಮಣ್ಣನ್ನು ಕುತ್ತಿಗೆ ಒರಗುವ ಹಾಗೆ ಬಾಗಿಸಿ, ಸುಟ್ಟು, ತಲೆಗೆ ಇಟ್ಟುಕೊಂಡಿದ್ದಾರೆ. ಹೊಳೆಯ ಕೆಳಗೆ ಹೆಮ್ಮಿಗೆಯಲ್ಲೂ ಅಂಥದ್ದೇ ಸಿಕ್ಕಿದೆ. ಇದನ್ನು ಕೇಳಿದ ಮೇಲೆ ಸಂಗಮವನ್ನು ಬರೀ ಪುರಾಣದ ಜಾಗವೆಂದು ನೋಡಲಾಗುವುದಿಲ್ಲ. ಪುರಾಣಕ್ಕೂ ಮುಂಚೆ ಮನುಷ್ಯರು ಈ ಜಾಗವನ್ನು ಆರಿಸಿಕೊಂಡಿದ್ದರು. ಜಾಗ ಪವಿತ್ರವಾದದ್ದಕ್ಕೆ ಆ ದೀರ್ಘ ವಾಸವೂ ಒಂದು ಕಾರಣ ಎಂದೇ ನನ್ನ ನಂಬಿಕೆ.

ಇನ್ನೊಂದು ಮಾತು. ತಿರುಮಕೂಡಲು ಎಂದರೆ ಪಿಟೀಲು ಚೌಡಯ್ಯನವರ ಊರು. ಮೈಕ್‌ ಇಲ್ಲದ ಕಾಲದಲ್ಲಿ ಸಭೆಯ ಕೊನೆಯವನಿಗೂ ನಾದ ಮುಟ್ಟಬೇಕೆಂದು ನಾಲ್ಕು ತಂತಿಯ ಪಿಟೀಲಿಗೆ ಏಳು ತಂತಿ ಹಾಕಿದವರು. 1957ರಲ್ಲಿ ಮದ್ರಾಸಿನ ಮ್ಯೂಸಿಕ್‌ ಅಕಾಡೆಮಿಯ ಸಂಗೀತ ಕಲಾನಿಧಿ ಆದವರು. ನಿನ್ನ ಆಫೀಸಿನವರು ಬೆಂಗಳೂರಿನಲ್ಲಿ ಪಿಟೀಲಿನ ಆಕಾರದ ಚೌಡಯ್ಯ ಸ್ಮಾರಕ ಭವನವನ್ನು ಎಷ್ಟೋ ಸಲ ದಾಟಿರುತ್ತಾರೆ. ಅವರ ಊರಿನಲ್ಲೇ ನಿಂತು ಅದು ಗೊತ್ತಾಗದೆ ವಾಪಸು ಬಂದರೆ ಅದು ಯಾರ ನಷ್ಟ? ನಂಜನಗೂಡಿನಲ್ಲೂ ಹಾಗೆಯೇ. ಹೊಸಗನ್ನಡದ ಮೊದಲ ಪ್ರಕಾಶಕಿ, ಪತ್ರಿಕೆಯ ಸಂಪಾದಕಿ ನಂಜನಗೂಡು ತಿರುಮಲಾಂಬ ಆ ಊರಿನವರು. ಬಾಲವಿಧವೆಯಾಗಿ ಮನೆಯೊಳಗೆ ಕುಳಿತೇ ಓದಿ ಬರೆದು 1913ರಲ್ಲಿ ಗ್ರಂಥಮಾಲೆ ಶುರು ಮಾಡಿದವರು. ದೇವನೂರ ಮಹಾದೇವರ ದೇವನೂರು ಅದೇ ತಾಲ್ಲೂಕಿನದು. ಒಳ್ಳೆಯ ಗೈಡ್‌ ಗುಂಪಿನಲ್ಲಿ ಯಾರಿದ್ದಾರೆ ಎಂದು ನೋಡಿ ಇದರಲ್ಲಿ ಯಾವುದನ್ನು ಹೇಳಬೇಕೋ ಅದನ್ನು ಆರಿಸುತ್ತಾನೆ. ಸಂಗೀತ ಬಲ್ಲವರಿದ್ದರೆ ಚೌಡಯ್ಯ, ಓದುವವರಿದ್ದರೆ ತಿರುಮಲಾಂಬ. ಮುಖ ನೋಡಿ ಹೀಗೆ ಆರಿಸಬೇಕಾದರೆ ಎಲ್ಲರ ಮುಖವೂ ಕಾಣುವಷ್ಟು ಚಿಕ್ಕ ಗುಂಪಾಗಿರಬೇಕು.

ತಮ್ಮ: ಗೈಡ್‌ಗಳ ಮಾತನ್ನು ಎಷ್ಟರಮಟ್ಟಿಗೆ ನಂಬುವುದು? ತಲಕಾಡಿಗೆ ಹೋದರೆ ಎಲ್ಲರೂ ಅಲಮೇಲಮ್ಮನ ಶಾಪವನ್ನೇ ಹೇಳುತ್ತಾರೆ. ಗಂಗರು, ಚೋಳರು, ಹೊಯ್ಸಳರು ಎಲ್ಲ ಆ ಒಂದು ಶಾಪದ ಕೆಳಗೆ ಮುಚ್ಚಿಹೋಗುತ್ತಾರೆ. ಕಟ್ಟುಕಥೆ ಕೇಳುವುದಕ್ಕಿಂತ ಏನೂ ಕೇಳದಿರುವುದೇ ವಾಸಿಯಲ್ಲವೇ?

ಅಕ್ಕ: ಇದು ತೂಕದ ಆಕ್ಷೇಪ, ಒಪ್ಪುತ್ತೇನೆ. ಮರಳು ನೋಡಿದವರಿಗೆಲ್ಲ ಶಾಪದ ಕಥೆ ಹೇಳಿ ಕೈತೊಳೆದುಕೊಳ್ಳುವ ಗೈಡ್‌ಗಳು ಇದ್ದಾರೆ. ಆದರೆ ಅದಕ್ಕೆ ಮದ್ದು ಗೈಡನ್ನೇ ಬಿಡುವುದಲ್ಲ. ಕಥೆಯ ಜೊತೆ ಕಾರಣವನ್ನೂ ಹೇಳುವವರನ್ನು ಹುಡುಕುವುದು. ತಲಕಾಡು ಗಂಗರ ರಾಜಧಾನಿ. ಹನ್ನೊಂದನೇ ಶತಮಾನದ ಆರಂಭದಲ್ಲಿ ಚೋಳರ ಕೈಸೇರಿ ರಾಜರಾಜಪುರವಾಯಿತು. ವಿಷ್ಣುವರ್ಧನ ಚೋಳರನ್ನು ಸೋಲಿಸಿ ‘ತಲಕಾಡುಗೊಂಡ’ ಎನಿಸಿಕೊಂಡ, ಆ ಗೆಲುವಿಗೆ 1117ರಲ್ಲಿ ಕೀರ್ತಿನಾರಾಯಣನ ಗುಡಿ ಕಟ್ಟಿಸಿದ. ಆಮೇಲೆ ವಿಜಯನಗರ, 1610ರಲ್ಲಿ ರಾಜ ಒಡೆಯರು ಶ್ರೀರಂಗಪಟ್ಟಣ ಹಿಡಿದ ಮೇಲೆ ಮೈಸೂರು. ಶ್ರೀರಂಗಪಟ್ಟಣದಲ್ಲಿದ್ದ ವಿಜಯನಗರದ ಪ್ರತಿನಿಧಿಯ ಹೆಂಡತಿ ಅಲಮೇಲಮ್ಮ, ಒಡವೆಗಾಗಿ ಬೆನ್ನಟ್ಟಿ ಬಂದ ದಂಡಿಗೆ ಸಿಗದೆ ಮಾಲಂಗಿಯ ಮಡುವಿಗೆ ಹಾರಿಕೊಂಡಳು, ಹಾರುವ ಮುಂಚೆ ಊರಿಗೂ ಹೊಳೆಗೂ ಅರಸರ ಸಂತಾನಕ್ಕೂ ಶಾಪ ಹಾಕಿದಳು ಎಂಬುದು ಈ ಕೊನೆಯ ಪಲ್ಲಟಕ್ಕೆ ಜನ ಕೊಟ್ಟುಕೊಂಡ ನೆನಪು. ಅಧಿಕಾರ ಒಂದು ಕೈಯಿಂದ ಇನ್ನೊಂದಕ್ಕೆ ಹೋಗುವಾಗ ಒಬ್ಬ ಹೆಂಗಸಿಗೆ ಅನ್ಯಾಯವಾಯಿತು ಎಂಬುದನ್ನು ನಾನೂರು ವರ್ಷ ಜನ ಮರೆತಿಲ್ಲ. ಅದನ್ನು ಕಟ್ಟುಕಥೆ ಎಂದು ತಳ್ಳಿಹಾಕುವುದು ನನಗೆ ಸರಿ ಕಾಣುವುದಿಲ್ಲ, ಅದನ್ನು ಕೇಳಲೇಬೇಕು.

ಕೇಳಿದ ಮೇಲೆ ಮರಳಿನ ಕಡೆ ತಿರುಗಬೇಕು. ಹೊಳೆ ಇಲ್ಲಿ ಬಾಗುತ್ತದೆ. ಬಾಗಿದ ಕಡೆ ನೀರಿನ ಓಟ ತಗ್ಗಿ ಮರಳು ನಿಲ್ಲುತ್ತದೆ. ಹತ್ತಿರದಲ್ಲೇ ವಿಜಯನಗರದ ಕಾಲದ್ದೆನ್ನುವ ಮಾಧವಮಂತ್ರಿ ಕಟ್ಟೆ ಇದೆ. ನೀರನ್ನು ನಾಲೆಗೆ ತಿರುಗಿಸಿದ ಮೇಲೆ ಹೊಳೆಯ ಪಾತ್ರದಲ್ಲಿ ಒಣಮರಳು ಹೆಚ್ಚು ತೆರೆದುಕೊಂಡಿತು, ಬೇಸಿಗೆಯ ಗಾಳಿ ಅದನ್ನು ಎತ್ತಿ ಊರ ಮೇಲೆ ಹಾಕಿತು ಎಂಬುದು ಭೂವಿಜ್ಞಾನ ಬಲ್ಲವರು ಕೊಡುವ ವಿವರಣೆ. ಅಂದರೆ ಗದ್ದೆಗೆ ನೀರು ಕೊಟ್ಟ ಕಟ್ಟೆಯೇ ಊರಿಗೆ ಮರಳು ಕೊಟ್ಟಿರಬಹುದು. ಇದನ್ನು ಪಾತಾಳೇಶ್ವರನ ಗುಡಿಗೆ ಇಳಿಯುವ ಮೆಟ್ಟಿಲ ಮೇಲೆ ನಿಂತು ಹೇಳಿದರೆ ಕೇಳುವವರಿಗೆ ಎರಡೂ ಕಡೆ ನೋಡಲು ಸಿಗುತ್ತದೆ: ತಲೆಯ ಮಟ್ಟಕ್ಕಿಂತ ಮೇಲೆ ಮರಳಿನ ದಿಬ್ಬ, ಅದನ್ನು ಹಿಡಿದಿಡಲು ನೆಟ್ಟ ಮರಗಳ ಬೇರು, ಕೆಳಗೆ ಒಮ್ಮೆ ನೆಲಮಟ್ಟದಲ್ಲಿದ್ದ ಬಾಗಿಲು. ಕೆಲವು ವರ್ಷಕ್ಕೊಮ್ಮೆ ಬರುವ ಪಂಚಲಿಂಗ ದರ್ಶನಕ್ಕೆ, ಕಳೆದ ಬಾರಿ 2020ರ ಡಿಸೆಂಬರ್‌ನಲ್ಲಿ ನಡೆದಾಗ, ಈ ಮರಳನ್ನೇ ಸರಿಸಿ ದಾರಿ ಮಾಡಿದರು. ಸರಿಸಿದ ಮರಳು ಮತ್ತೆ ಬರುತ್ತದೆ. ಶಾಪವನ್ನು ನಂಬುವವನೂ ನಂಬದವನೂ ಇಬ್ಬರೂ ಒಪ್ಪಬೇಕಾದ ಸಂಗತಿ ಇದು. ಇಷ್ಟನ್ನು ಮರಳಿನ ಮೇಲೆ ನಡೆಯುತ್ತಾ, ನಿಲ್ಲುತ್ತಾ, ಪ್ರಶ್ನೆಗೆ ಉತ್ತರಿಸುತ್ತಾ ಹೇಳಲು ಎರಡು ಗಂಟೆ ಬೇಕು. ನಿನ್ನ ಪಟ್ಟಿ ಅದಕ್ಕೆ ಅರ್ಧ ಗಂಟೆ ಕೊಟ್ಟಿದೆ. ಅರ್ಧ ಗಂಟೆ ಸಿಕ್ಕಿದ ಗೈಡ್‌ ಶಾಪವನ್ನಲ್ಲದೆ ಇನ್ನೇನು ಹೇಳುತ್ತಾನೆ? ಸುಳ್ಳು ಹೇಳುವ ಗೈಡ್‌ಗಳನ್ನು ಬಹುಮಟ್ಟಿಗೆ ನಮ್ಮ ಅವಸರವೇ ತಯಾರು ಮಾಡಿದೆ.

ತಮ್ಮ: ಹಾಗಾದರೆ ನಿನ್ನ ಮೂರು ಊರು ನಂಜನಗೂಡು, ತಿ. ನರಸೀಪುರ, ತಲಕಾಡು. ಸೋಮನಾಥಪುರವನ್ನು ಬಿಡಬೇಕೇ? ವಿಶ್ವ ಪರಂಪರೆಯ ಪಟ್ಟಿಗೆ ಸೇರಿದ ಗುಡಿಯ ಪಕ್ಕದಲ್ಲೇ ಹಾದು ನೋಡದೆ ಬಂದೆವು ಅಂದರೆ ಆಫೀಸಿನಲ್ಲಿ ನನ್ನನ್ನು ಬಿಟ್ಟಾರೆಯೇ?

ಅಕ್ಕ: ಬಿಡಬೇಕು. ಅದನ್ನು ಕಡೆಗಣಿಸಿ ಹೇಳುತ್ತಿಲ್ಲ, ಅದಕ್ಕೆ ಕೊಡಬೇಕಾದ ಮರ್ಯಾದೆಯಿಂದಲೇ ಹೇಳುತ್ತಿದ್ದೇನೆ. 2023ರ ಸೆಪ್ಟೆಂಬರ್‌ನಲ್ಲಿ ಬೇಲೂರು, ಹಳೇಬೀಡಿನ ಜೊತೆ ಸೋಮನಾಥಪುರವೂ ಯುನೆಸ್ಕೋ ಪಟ್ಟಿಗೆ ಸೇರಿತು. ಹೊಯ್ಸಳ ಮೂರನೇ ನರಸಿಂಹನ ದಂಡನಾಯಕ ಸೋಮನಾಥ ಹದಿಮೂರನೇ ಶತಮಾನದ ನಡುವಿನಲ್ಲಿ ಕಟ್ಟಿಸಿದ ತ್ರಿಕೂಟ: ಕೇಶವ, ಜನಾರ್ದನ, ವೇಣುಗೋಪಾಲ. ಸುತ್ತ ಅರವತ್ತನಾಲ್ಕು ಸಣ್ಣ ಗುಡಿಗಳ ಪ್ರಾಕಾರ, ನಡುವೆ ನಕ್ಷತ್ರದ ಆಕಾರದ ಜಗತಿ. ದಿನದ ಕೊನೆಯಲ್ಲಿ ದಣಿದು ಬಂದ ಗುಂಪಿಗೆ ಅಲ್ಲಿ ಕಾಣುವುದು ಏನು? ಕೆಳಗಿನ ಸಾಲಿನ ಆನೆ, ಅದರ ಮೇಲಿನ ಕುದುರೆ ಸವಾರರು, ನಾಲ್ಕು ಫೋಟೋ. ನೋಡಬೇಕಾದದ್ದು ಅದರ ಮೇಲಿದೆ. ಬಳ್ಳಿಯ ಪಟ್ಟಿ ದಾಟಿದರೆ ಕಥೆಯ ಪಟ್ಟಿ ಬರುತ್ತದೆ. ಜಗತಿಯ ಮೇಲೆ ಬಲಕ್ಕೆ ಸುತ್ತುತ್ತಾ ಹೋದರೆ ದಕ್ಷಿಣದ ಗುಡಿಯ ಸುತ್ತ ರಾಮಾಯಣ, ಹಿಂದಿನ ಗುಡಿಯ ಸುತ್ತ ಕೃಷ್ಣನ ಕಥೆ, ಉತ್ತರದ ಗುಡಿಯ ಸುತ್ತ ಮಹಾಭಾರತ. ಗೇಣುದ್ದದ ಒಂದೊಂದು ಚಿತ್ರದಲ್ಲಿ ಒಂದೊಂದು ಪ್ರಸಂಗ. ಓದಬೇಕಾದ ಗೋಡೆ ಅದು, ನಿಧಾನವಾಗಿ ಹೆಜ್ಜೆ ಹಾಕುತ್ತಾ ಓದಬೇಕು. ಇನ್ನೂ ಮೇಲೆ ದೊಡ್ಡ ಮೂರ್ತಿಗಳ ಪೀಠವನ್ನು ಬಗ್ಗಿ ನೋಡಿದರೆ ಹಳಗನ್ನಡ ಅಕ್ಷರದಲ್ಲಿ ರೂವಾರಿಯ ಹೆಸರು: ಮಲ್ಲಿತಮ್ಮ. ಒಂದು ಕಡೆ ಅಲ್ಲ, ಹತ್ತಾರು ಕಡೆ. ಬಳಪದ ಕಲ್ಲು ಕೆತ್ತುವಾಗ ಮೆತ್ತಗಿದ್ದು ಗಾಳಿಗೆ ಒಡ್ಡಿದ ಮೇಲೆ ಗಟ್ಟಿಯಾಗುವುದರಿಂದ ಆ ಅಕ್ಷರದ ಅಂಚು ಇವತ್ತಿಗೂ ಚೂಪಾಗಿದೆ. ಏಳುನೂರೈವತ್ತು ವರ್ಷಕ್ಕೂ ಹಿಂದೆ ಕನ್ನಡದಲ್ಲಿ ತನ್ನ ಕೆಲಸದ ಕೆಳಗೆ ತನ್ನ ಹೆಸರು ಬರೆದ ಒಬ್ಬ ಕಸುಬುದಾರನನ್ನು ಕಾಣುವುದು ಸಣ್ಣ ಮಾತಲ್ಲ. ಒಳಗೆ ಹೋದರೆ ಚಾವಣಿಯಲ್ಲಿ ಕಲ್ಲಿನ ಬಾಳೆಮೂತಿ, ಒಂದೊಂದು ಅಂಕಣಕ್ಕೆ ಒಂದೊಂದು ಬಗೆ. ಕಣ್ಣು ಆ ಅರೆಬೆಳಕಿಗೆ ಹೊಂದಿಕೊಳ್ಳಲಿಕ್ಕೇ ಸ್ವಲ್ಪ ಹೊತ್ತು ಬೇಕು. ಸೋಮನಾಥಪುರ ಅರ್ಧ ದಿನ ಕೇಳುವ ಜಾಗ. ಅದಕ್ಕೆ ಮುಕ್ಕಾಲು ಗಂಟೆ ಕೊಟ್ಟು ನೋಡಿದೆವು ಎಂದು ಬರೆದುಕೊಳ್ಳುವುದಕ್ಕಿಂತ ಇನ್ನೊಂದು ದಿನ ಅದಕ್ಕೆಂದೇ ಹೋಗುವುದು ಮೇಲು. ನಂಜನಗೂಡು, ಸಂಗಮ, ತಲಕಾಡು ಒಂದೇ ಹೊಳೆಯ ಮೂರು ಮಾತು. ಸೋಮನಾಥಪುರ ಕಲ್ಲಿನ ಮಾತು, ಬೇಲೂರಿನ ಜೊತೆ ಓದುವಂಥದ್ದು.

ತಮ್ಮ: ಆದರೂ ಅಕ್ಕ, ಇದು ದುಡ್ಡಿರುವವರ ಮಾತು ಅನ್ನಿಸುತ್ತದೆ. ಹನ್ನೆರಡು ಜನಕ್ಕೆ ಒಂದು ಗಾಡಿ, ಒಬ್ಬ ಗೈಡ್‌. ದೇವದರ್ಶಿನಿ ಬಸ್ಸಿನಲ್ಲಿ ಕಡಿಮೆ ದುಡ್ಡಿಗೆ ಆರು ಊರು ನೋಡುವ ವಯಸ್ಸಾದವರು, ಹಳ್ಳಿಯಿಂದ ದಸರೆಗೆ ಬಂದವರು ಏನು ಮಾಡಬೇಕು? ಅವರಿಗೆ ನೀನು ಬರಬೇಡಿ ಅನ್ನುತ್ತೀಯಾ?

ಅಕ್ಕ: ಎಂದಿಗೂ ಅನ್ನುವುದಿಲ್ಲ. ಆ ಬಸ್ಸು ಇರಲೇಬೇಕು. ಬದುಕಿನಲ್ಲಿ ಒಂದೇ ಸಲ ಈ ಕಡೆ ಬರುವವರಿಗೆ, ಒಬ್ಬರೇ ಓಡಾಡಲು ಅಂಜುವವರಿಗೆ ಅದು ದೊಡ್ಡ ಉಪಕಾರ. ಆರು ದೇವರಿಗೆ ಕೈಮುಗಿದು ಬಂದ ತೃಪ್ತಿ ಅವರದು, ಅದನ್ನು ಅಳೆಯಲು ನಾನು ಯಾರು? ನನ್ನ ವಾದ ಇರುವುದು ಆಯ್ಕೆ ಇರುವವರ ಜೊತೆ. ಮತ್ತೆ, ಚಿಕ್ಕ ಗುಂಪು ಎಂದರೆ ಬಾಡಿಗೆ ಗಾಡಿ ಎಂದು ಯಾಕೆ ಅಂದುಕೊಂಡೆ? ಮೈಸೂರಿನಿಂದ ನಂಜನಗೂಡಿಗೆ ಬಸ್ಸಿಗೆ ಬರವಿಲ್ಲ. ಚಾಮರಾಜನಗರದ ರೈಲೂ ಇದೆ, ಆ ರೈಲಿನಲ್ಲಿ ಹೋದರೆ ಪಕ್ಕದಲ್ಲೇ ಹಳೆಯ ಸೇತುವೆ ಕಾಣುತ್ತದೆ. ನಂಜನಗೂಡಿನಿಂದ ತಿ. ನರಸೀಪುರಕ್ಕೆ, ಅಲ್ಲಿಂದ ತಲಕಾಡಿಗೆ ಮಾಮೂಲಿ ಬಸ್ಸುಗಳಿವೆ. 2023ರ ಜೂನ್‌ 11ರಿಂದ ಶಕ್ತಿ ಯೋಜನೆಯಲ್ಲಿ ಈ ಬಸ್ಸುಗಳಲ್ಲಿ ನಮ್ಮ ರಾಜ್ಯದ ಹೆಣ್ಣುಮಕ್ಕಳಿಗೆ ಟಿಕೆಟ್ಟಿಗೆ ದುಡ್ಡಿಲ್ಲ. ಸ್ವಸಹಾಯ ಸಂಘದ ಹತ್ತು ಹೆಂಗಸರು ಬುತ್ತಿ ಕಟ್ಟಿಕೊಂಡು ಹೊರಟರೆ ಅವರ ಖರ್ಚು ಗೈಡಿನದು ಮಾತ್ರ, ಅದೂ ಹತ್ತು ಪಾಲು. ನಿನ್ನ ಟೆಂಪೋ ಟ್ರಾವೆಲರ್‌ಗಿಂತ ಅವರ ದಿನ ಅಗ್ಗ, ಬಸ್ಸಿಗೆ ಕಾಯುವ ಹೊತ್ತಿನಲ್ಲಿ ಊರವರ ಜೊತೆ ಆಡುವ ಮಾತೂ ಲಾಭ. ಬಸ್ಸಿನಲ್ಲಿ ಹೋಗುವವರು ಮೂರು ಊರನ್ನು ಎರಡಕ್ಕೆ ಇಳಿಸಬೇಕಾಗಬಹುದು, ಇಳಿಸಲಿ. ಹಾಗೆ ನೋಡಿದರೆ ಕಡಿಮೆ ಊರು ನೋಡುವ ಏರ್ಪಾಡೇ ಬಡವರಿಗೆ ಹೊಂದುವಂಥದ್ದು. ಊರು ಹೆಚ್ಚಿದಷ್ಟೂ ಸ್ವಂತ ಗಾಡಿ ಬೇಕಾಗುತ್ತದೆ.

ಗೈಡಿನ ಖರ್ಚನ್ನು ಉಳಿಸುವ ಮಾತನ್ನು ಮಾತ್ರ ನಾನು ಒಪ್ಪುವುದಿಲ್ಲ. ಈ ಊರುಗಳಲ್ಲಿ ಓದಿದ ಹುಡುಗ ಹುಡುಗಿಯರು ಕೆಲಸಕ್ಕೆ ಮೈಸೂರು, ಬೆಂಗಳೂರಿಗೆ ಹೋಗುತ್ತಾರೆ, ಇಲ್ಲವೇ ನಂಜನಗೂಡಿನ ಕಾರ್ಖಾನೆ ಸೇರುತ್ತಾರೆ. ಶಾಸನ ಓದಲು ಕಲಿತ, ಹೊಳೆಯ ಸ್ವಭಾವ ಬಲ್ಲ ಒಬ್ಬ ಯುವಕ ತನ್ನ ಊರನ್ನು ತೋರಿಸಿಯೇ ಬದುಕಬಹುದು ಎಂದಾದರೆ ಅವನು ಊರಲ್ಲೇ ಉಳಿಯುತ್ತಾನೆ, ಇನ್ನಷ್ಟು ಓದುತ್ತಾನೆ. ದೊಡ್ಡ ಬಸ್ಸುಗಳು ದಸರಾ, ರಜೆಯ ದಿನಗಳಲ್ಲಿ ಮುಗಿಬಿದ್ದು ಉಳಿದ ತಿಂಗಳು ಬಾರದೇ ಇದ್ದರೆ ಅವನ ಒಲೆ ಉರಿಯುವುದಿಲ್ಲ. ವರ್ಷವಿಡೀ ಚಿಕ್ಕ ಚಿಕ್ಕ ಗುಂಪು ಬಂದರೆ ಉರಿಯುತ್ತದೆ.

ತಮ್ಮ: ನಮ್ಮ ಗುಂಪಿನಲ್ಲಿ ಇಬ್ಬರು ಹಿರಿಯರಿದ್ದಾರೆ. ಅವರಿಗೆ ಬೇಕಾದ್ದು ನಂಜುಂಡೇಶ್ವರನ ದರ್ಶನ. ಕಮಾನು, ಕೆಸರಿನ ಗೆರೆ, ಮಣ್ಣಿನ ತಲೆದಿಂಬು ಅವರಿಗೆ ಬೇಡ. ಭಕ್ತಿಗೆ ವಿವರಣೆ ಯಾಕೆ?

ಅಕ್ಕ: ಭಕ್ತಿಗೆ ವಿವರಣೆ ಬೇಡ, ನಿಜ. ಅವರು ಉರುಳುಸೇವೆ ನೋಡಲಿ, ಮೃತ್ತಿಕೆ ಹಚ್ಚಿಕೊಳ್ಳಲಿ, ತಿರುಮಕೂಡಲಿನಲ್ಲಿ ಅಗಸ್ತ್ಯೇಶ್ವರನ ಮರಳ ಲಿಂಗದ ನೆತ್ತಿಯ ತೀರ್ಥ ತೆಗೆದುಕೊಳ್ಳಲಿ. ಚಿಕ್ಕ ಗುಂಪಿನಲ್ಲಿ ಅವರಿಬ್ಬರನ್ನು ಗರ್ಭಗುಡಿಯ ಸಾಲಿನಲ್ಲಿ ಬಿಟ್ಟು ಉಳಿದವರು ಪ್ರಾಕಾರ ನೋಡಿ ಬರಬಹುದು, ಯಾರೂ ಯಾರಿಗೂ ಕಾಯಬೇಕಿಲ್ಲ. ಆದರೆ ಭಕ್ತರಿಗೆ ಇತಿಹಾಸ ಬೇಡ ಎಂಬ ಮಾತನ್ನು ನಾನು ಒಪ್ಪಲಾರೆ. ಈ ಸಂಗಮ ಕಾಶಿಗಿಂತ ಒಂದು ಗುಲಗಂಜಿ ತೂಕ ಹೆಚ್ಚು ಎಂದು ಹೇಳಿಕೊಂಡು ಬಂದವರು ಭಕ್ತರೇ. ಕೈಯಲ್ಲಿ ಗುಲಗಂಜಿ ಹಿಡಿದ ನರಸಿಂಹನನ್ನು ಕಾಯ್ದುಕೊಂಡವರೂ ಅವರೇ. ಊರಿನ ನೆನಪನ್ನು ಇಷ್ಟು ಕಾಲ ಹೊತ್ತು ತಂದವರು ಪ್ರೊಫೆಸರುಗಳಲ್ಲ, ಜಾತ್ರೆಗೆ ಬಂದ ಜನ. ಪಂಚರಥೋತ್ಸವದ ದಿನ ನಂಜನಗೂಡಿನಲ್ಲಿ ಐದು ತೇರು ಎಳೆಯುವವರಿಗೆ ಯಾವ ತೇರು ಯಾರದ್ದು, ಹಗ್ಗ ಯಾರು ಮೊದಲು ಹಿಡಿಯಬೇಕು ಎಂದು ಕೇಳು, ಗೈಡಿಗಿಂತ ಚೆನ್ನಾಗಿ ಹೇಳುತ್ತಾರೆ. ಒಳ್ಳೆಯ ಗೈಡ್‌ ಅವರಿಂದ ಕಲಿತಿರುತ್ತಾನೆ. ನಿನ್ನ ಇಬ್ಬರು ಹಿರಿಯರನ್ನು ಮಾತಿಗೆಳೆದರೆ ಅವರೇ ಗುಂಪಿಗೆ ಅರ್ಧ ಕಥೆ ಹೇಳಬಹುದು. ಐವತ್ತು ಜನರ ಬಸ್ಸಿನಲ್ಲಿ ಅವರ ಬಾಯಿಗೆ ಮಾತು ಬರುವ ಸಂದರ್ಭವೇ ಇಲ್ಲ.

ತಮ್ಮ: ಸರಿ, ಸೋತೆ. ಸೋಮನಾಥಪುರಕ್ಕೆ ಇನ್ನೊಂದು ದಿನ ಅಂತ ಬರೆದುಕೊಳ್ಳುತ್ತೇನೆ. ಈಗ ದಿನದ ಕ್ರಮ ಹೇಳು.

ಅಕ್ಕ: ಸೋಮವಾರ ಬೇಡ, ಹುಣ್ಣಿಮೆ ಅಮಾವಾಸ್ಯೆ ಬೇಡ, ಆ ದಿನಗಳಲ್ಲಿ ನಂಜನಗೂಡು ಭಕ್ತರದು, ಅವರಿಗೇ ಬಿಡೋಣ. ಮಂಗಳವಾರವೋ ಬುಧವಾರವೋ ಬೆಳಗ್ಗೆ ಬೇಗ ಹೊರಟು ಮೊದಲು ಹೊಳೆಯ ದಡ, ಸೇತುವೆ, ಮಂಟಪ, ಆಮೇಲೆ ಗುಡಿ. ಹೊರಬರುವಾಗ ರಸಬಾಳೆ ಸಿಕ್ಕರೆ ತಿನ್ನಿ. ಸೊರಗು ರೋಗ ಬಿದ್ದು ಆ ತಳಿಯೇ ಅಪರೂಪವಾಗಿದೆ, ಭೌಗೋಳಿಕ ಸೂಚಿ ಸಿಕ್ಕ ಹಣ್ಣು. ಬೇರೆ ಹಣ್ಣನ್ನು ಅದೇ ಹೆಸರಿನಲ್ಲಿ ಕೊಟ್ಟಾರು, ಗೈಡನ್ನು ಕೇಳಿ ಕೊಳ್ಳಿ. ಗುಡಿಗಳು ಮಧ್ಯಾಹ್ನ ಮುಚ್ಚುತ್ತವೆ, ಹಾಗಾಗಿ ಹನ್ನೊಂದರ ಒಳಗೆ ತಿ. ನರಸೀಪುರ ಸೇರಬೇಕು. ಸಂಗಮ ನೋಡಿ ಅಲ್ಲೇ ಊಟ, ಸ್ವಲ್ಪ ವಿಶ್ರಾಂತಿ. ನೆತ್ತಿಯ ಬಿಸಿಲಲ್ಲಿ ತಲಕಾಡಿನ ಮರಳಿನ ಮೇಲೆ ಬರಿಗಾಲಿಡಲಾಗುವುದಿಲ್ಲ; ಮೂರೂವರೆ ನಾಲ್ಕರ ಮೇಲೆ ಅಲ್ಲಿಗೆ ಹೋದರೆ ಮರಳು ತಣ್ಣಗಾಗಿರುತ್ತದೆ, ಗುಡಿಗಳೂ ತೆರೆದಿರುತ್ತವೆ. ಗೈಡನ್ನು ಗೊತ್ತು ಮಾಡುವಾಗ ಪ್ರವಾಸೋದ್ಯಮ ಇಲಾಖೆಯ ಗುರುತಿನ ಚೀಟಿ ಇದೆಯೇ ಎಂದು ಕೇಳು, ಮಾಧವಮಂತ್ರಿ ಕಟ್ಟೆ ಗೊತ್ತೇ ಎಂದೂ ಕೇಳು. ಕಟ್ಟೆ ಗೊತ್ತಿದ್ದವನಿಗೆ ತಲಕಾಡು ಗೊತ್ತಿರುತ್ತದೆ. ಕೊನೆಯದಾಗಿ ಒಂದು ಮಾತು, ಇದನ್ನು ಎಲ್ಲರಿಗೂ ಹೊರಡುವ ಮುಂಚೆಯೇ ಹೇಳು: ತಲಕಾಡಿನಲ್ಲಿ ಹೊಳೆ ಮೊಣಕಾಲುದ್ದ ಕಾಣುತ್ತದೆ, ಆದರೆ ಅಲ್ಲಲ್ಲಿ ಮಡು ಇರುತ್ತದೆ, ಸುಳಿ ಇರುತ್ತದೆ. ಈಜಲು ಇಳಿದ ಎಷ್ಟೋ ಮಕ್ಕಳು ಅಲ್ಲಿಂದ ಮನೆಗೆ ಬಂದಿಲ್ಲ. ಗೈಡ್‌ ಬೇಡವೆಂದ ಕಡೆ ಯಾರನ್ನೂ ನೀರಿಗೆ ಬಿಡಬೇಡ.